ಹಸಿವನ್ನು ಸೊನ್ನೆಗೆ ಇಳಿಸಿದವಳು

ಬೀದಿಯವರೆಲ್ಲ ಅವಳನ್ನು ಹಲ್ಲಕ್ಕ ಅಂತಲೇ ಕರೆಯುತ್ತಾರೆ. ಎದುರಿಗೇ ಕರೆದರೂ ಅವಳಿಗೆ ಬೇಜಾರಿಲ್ಲ. ಅವಳ ಹಲ್ಲೇನೂ ಉಬ್ಬಿಲ್ಲ, ಹುಳುಕೂ ಹಿಡಿದಿಲ್ಲ. ಊರಿನ ಬೊಚ್ಚುಬಾಯಿಗಳಿಗೆ ಹಲ್ಲು ಕಟ್ಟುವುದು ಅವಳ ಕೆಲಸ. ಔಷಧಿ ಅಂಗಡಿಯ ಮೇಲಿನ ಎರಡು ಕೋಣೆಗಳಲ್ಲಿ ಇಪ್ಪತ್ತೊಂಬತ್ತು ವರ್ಷದಿಂದ ಕೂತು, ಡಾಕ್ಟರುಗಳು ಕಳಿಸಿದ ಅಚ್ಚಿಗೆ ಪ್ಲಾಸ್ಟರ್ ಹೊಯ್ದು, ಗುಲಾಬಿ ಬಣ್ಣದ ಮೇಣದಲ್ಲಿ ಒಂದೊಂದೇ ಹಲ್ಲನ್ನು ಸಾಲಾಗಿ ಕೂರಿಸುತ್ತಾ ಬಂದಿದ್ದಾಳೆ. ಪೇಟೆಯಲ್ಲಿ ಯಾರಾದರೂ ಮುದುಕರು ಬಾಯ್ತುಂಬ ನಕ್ಕರೆ ಒಂದು ಗಳಿಗೆ ನಿಂತು ನೋಡುತ್ತಾಳೆ. ತನ್ನ ಕೈಕೆಲಸ ಅಂತ ಗುರುತು ಸಿಕ್ಕಿದರೂ ಹೇಳುವುದಿಲ್ಲ. ಕಟ್ಟಿದ ಹಲ್ಲು ಅಂತ ಯಾರಿಗೂ ಗೊತ್ತಾಗದಿರುವುದೇ ಆ ಕೆಲಸದ ಹೆಚ್ಚುಗಾರಿಕೆ.

ಮನೆಯಲ್ಲಿ ಮಾತ್ರ, ಐವತ್ತೊಂದು ದಾಟಿದರೂ, ಅವಳು ಪುಟ್ಟಿ. ಹಾಗೆ ಕರೆಯುವವಳು ಒಡಹುಟ್ಟಿದ ಅಕ್ಕ. ಮೂವತ್ತು ವರ್ಷ ಬಸ್ ಕಂಡಕ್ಟರ್ ಆಗಿದ್ದು ಈಗ ನಿವೃತ್ತಿಯಾಗಿರುವ ದೊಡ್ಡಕ್ಕ. ಟಿಕೆಟ್ ಚೀಲ ಹೆಗಲಿಂದ ಇಳಿದಿದೆ, ಗಂಟಲು ಇಳಿದಿಲ್ಲ. ಅವಳು ಅಡುಗೆಮನೆಯಿಂದ ಉಪ್ಪು ಎಲ್ಲಿ ಅಂತ ಕೇಳಿದರೆ ಕೆಳಗಿನ ಮಹಡಿಯವರು ತಮ್ಮ ಉಪ್ಪಿನ ಡಬ್ಬಿ ಹುಡುಕುತ್ತಾರೆ.

ಹಲ್ಲಕ್ಕನಿಗೆ ಡೈನೋಸಾರ್ ಆಟದ ಹುಚ್ಚು ಹತ್ತಿಸಿದವನು ಡಬ್ಬಿಯಣ್ಣ. ಕಟ್ಟಿದ ಹಲ್ಲುಗಳನ್ನು ಪುಟ್ಟ ಡಬ್ಬಿಗಳಲ್ಲಿಟ್ಟು ಸ್ಕೂಟರಿನಲ್ಲಿ ಕ್ಲಿನಿಕ್ಕುಗಳಿಗೆ ಮುಟ್ಟಿಸುವವನು. ವಯಸ್ಸು ನಲವತ್ತೈದು, ಹೊಟ್ಟೆ ಅದಕ್ಕೂ ಸ್ವಲ್ಪ ಮುಂದೆ. ಅವನೂ ಅವನ ನಾಲ್ವರು ಗೆಳೆಯರೂ ಸೇರಿ ಕಂಪ್ಯೂಟರಿನೊಳಗೆ ಒಂದು ಲೋಕ ನಡೆಸುತ್ತಿದ್ದರು. ಅಲ್ಲಿ ಕಡಲ ತೀರದಲ್ಲಿ ಬರಿಗೈಯಲ್ಲಿ ಕಣ್ಣು ಬಿಡಬೇಕು, ಕಲ್ಲು ಕಟ್ಟಿಗೆ ಆಯ್ದು ಗುಡಿಸಲು ಹಾಕಬೇಕು, ದೈತ್ಯ ಪ್ರಾಣಿಗಳ ಬಾಯಿಂದ ತಪ್ಪಿಸಿಕೊಳ್ಳಬೇಕು, ಅವುಗಳಲ್ಲೇ ಕೆಲವನ್ನು ಪಳಗಿಸಿ ಸಾಕಬೇಕು. "ಬನ್ನಿ ಅಕ್ಕ, ಒಂದು ಕೈ ಕಡಿಮೆ ಬಿದ್ದಿದೆ" ಅಂತ ಕರೆದ. ಹೋದಳು. ಎರಡು ವರ್ಷ ಆಡಿದಳು.

ಆಡಿದಳು ಅನ್ನುವುದಕ್ಕಿಂತ ದುಡಿದಳು ಅನ್ನಬೇಕು. ಉಳಿದವರು ಮಾಂಸ ತಿನ್ನುವ ದೊಡ್ಡ ಪ್ರಾಣಿಗಳ ಮೇಲೆ ಸವಾರಿ ಹೋದರೆ, ಹಲ್ಲಕ್ಕ ಪೊದೆ ಪೊದೆ ಸುತ್ತಿ ಹಣ್ಣು ಕಿತ್ತು, ಸಾಕಿದ ಪ್ರಾಣಿಗಳ ಗೋದಲಿ ತುಂಬುತ್ತಿದ್ದಳು. ಆ ಲೋಕ ಇವರು ಆಡದಿದ್ದಾಗಲೂ ನಡೆಯುತ್ತಲೇ ಇರುವಂಥದ್ದು. ಇವಳು ಇಲ್ಲಿ ಪ್ಲಾಸ್ಟರ್ ಕಲಸುತ್ತಿರುವಾಗಲೂ ಅಲ್ಲಿ ಮೂವತ್ತು ಹೊಟ್ಟೆಗಳು ಹಸಿಯುತ್ತಿದ್ದವು. "ಅಕ್ಕ, ಗೋದಲಿ ಖಾಲಿ" ಅಂತ ಮಧ್ಯಾಹ್ನವೇ ಮೊಬೈಲಿಗೆ ಸಂದೇಶ ಬರುತ್ತಿತ್ತು. ಆ ಕೆಲಸ ನಿನ್ನದು ಅಂತ ಯಾರೂ ಹೇಳಿದ್ದಿಲ್ಲ. ಒಂದು ದಿನ ಮಾಡಿದಳು, ಚೆನ್ನಾಗಿ ಮಾಡಿದಳು, ಅಷ್ಟೇ ಸಾಕಾಯಿತು.

ಅವಳಿಗೆ ಬೇಕಾಗಿದ್ದದ್ದು ಒಂದೇ ಒಂದು ಪ್ರಾಣಿ. ಬಾತುಕೋಳಿಯಂಥ ಮೂತಿಯ, ಎಲೆ ಹಣ್ಣು ತಿನ್ನುವ ಸಾಧು ಪ್ರಾಣಿ. ಆ ಜಾತಿಯ ಬಾಯಲ್ಲಿ ನೂರಾರು ಹಲ್ಲುಗಳು ಒತ್ತೊತ್ತಾಗಿ ಇರುತ್ತಿದ್ದವು, ಮೇಲಿನದು ಸವೆದ ಹಾಗೆ ಕೆಳಗಿನಿಂದ ಹೊಸದು ಬರುತ್ತಿತ್ತು ಅಂತ ಅವಳು ಓದಿದ್ದಳು. ಯಾರೂ ಹಲ್ಲು ಕಟ್ಟಿಕೊಡಬೇಕಾಗಿಲ್ಲದ ಬಾಯಿ! ನೆನೆದರೇ ಅವಳ ಮನಸ್ಸಿಗೆ ತಂಪಾಗುತ್ತಿತ್ತು. ಗುಂಪಿನವರಿಗೆ ಮಾತ್ರ ನಗು. "ಅದು ಕಚ್ಚಲ್ಲ, ಒದೆಯಲ್ಲ. ಸುಮ್ನೆ ಜಾಗಕ್ಕೆ ದಂಡ ಅಕ್ಕ" ಅನ್ನುತ್ತಿದ್ದರು.

ಒಂದು ಶನಿವಾರ ಡಬ್ಬಿಗಳನ್ನು ಒಯ್ಯಲು ಬಂದವನಿಗೆ, ಮೇಣದಿಂದ ಕಣ್ಣೆತ್ತದೆ, ಹಲ್ಲಕ್ಕ ಹೇಳಿದಳು: "ನಾಳೆ ನನ್ನದೇ ಒಂದು ಲೋಕ ಮಾಡ್ಕೊತೀನಿ. ಒಬ್ಬಳೇ ಆಡೋದು."

"ಒಬ್ಬರೇನಾ? ಒಬ್ಬರೇ ಅಲ್ಲಿ ಏನ್ ಮಾಡ್ತೀರ?"

"ನನಗೆ ಬೇಕಾದ್ದು."

"ಮತ್ತೆ ಗೋದಲಿ?"

"ನೋಡು, ಅದನ್ನೇ ಕೇಳ್ದೆ."

ಅವನು ಹೆಲ್ಮೆಟ್ಟಿನ ಮೇಲೆ ಬೆರಳಾಡಿಸುತ್ತಾ ನಿಂತ. ಕೊನೆಗೆ ಇಬ್ಬರ ನಡುವೆ ಒಂದು ಮಾತಾಯಿತು. ಭಾನುವಾರ ಸಂಜೆ ಐದರೊಳಗೆ ಆ ಬಾತುಮೂತಿಯನ್ನು ಒಬ್ಬಳೇ ಪಳಗಿಸಿದರೆ ಅವಳ ಲೋಕ ಅವಳಿಗೆ. ಇಲ್ಲದಿದ್ದರೆ ಐದಕ್ಕೆ ಸರಿಯಾಗಿ ಗುಂಪಿಗೂ ಗೋದಲಿಗೂ ವಾಪಸ್ಸು. ಎರಡು ವರ್ಷದಲ್ಲಿ ಅವಳು ಆಯುಧ ಎತ್ತಿದ್ದನ್ನು ಡಬ್ಬಿಯಣ್ಣ ಕಂಡಿರಲಿಲ್ಲ, ಅದೇ ಅವನ ಧೈರ್ಯ. ಹಲ್ಲಕ್ಕನೂ ಒಪ್ಪಿಬಿಟ್ಟಳು. ಹೇಳಿದ ಹೊತ್ತಿಗೆ ಕೆಲಸ ಮುಗಿಸಿಕೊಡದ ದಿನ ಅವಳ ಲೆಕ್ಕದಲ್ಲಿ ಇರಲಿಲ್ಲ.

ಭಾನುವಾರ ಬಟ್ಟೆ ಒಗೆದು ಹರವಿ, ಹತ್ತು ಗಂಟೆಗೆ ಕಿಟಕಿಯ ಪಕ್ಕದ ಕಂಪ್ಯೂಟರಿನ ಮುಂದೆ ಕೂತಳು. ಆಟ ಒಂದೊಂದಾಗಿ ಕೇಳುತ್ತಾ ಹೋಯಿತು: ಹಗಲು ಎಷ್ಟು ಉದ್ದ ಇರಬೇಕು, ರಾತ್ರಿ ಎಷ್ಟು, ಪ್ರಾಣಿಗಳು ಎಷ್ಟು ಸಿಟ್ಟಿನವು, ಹಸಿವು ಎಷ್ಟು ಬೇಗ. ಅವಳು ಕೆಲಸದ ಜಾಗದ ಚೀಟಿಯೊಂದನ್ನು ಪಕ್ಕದಲ್ಲಿಟ್ಟುಕೊಂಡು ಎಲ್ಲವನ್ನೂ ಬರೆದುಕೊಂಡಳು. ರೋಗಿಯ ಹೆಸರಿನ ಜಾಗದಲ್ಲಿ 'ನಾನು' ಅಂತ ಬರೆದಳು. ಮೇಲಿನ ದವಡೆಯೋ ಕೆಳಗಿನದೋ ಅನ್ನುವಲ್ಲಿ ಒಂದು ಗೆರೆ ಎಳೆದಳು.

"ಲೋಕ ಸೃಷ್ಟಿ ಮಾಡೋಕೆ ಇಷ್ಟೊಂದು ಅರ್ಜಿ ತುಂಬಬೇಕಾ?" ದೊಡ್ಡಕ್ಕ ಹಿಂದಿನಿಂದ ಇಣುಕಿದಳು.

"ಸುಮ್ನಿರು ಅಕ್ಕ, ತಪ್ಪಿಹೋಗುತ್ತೆ."

ಹಗಲನ್ನು ಉದ್ದ ಮಾಡಿದಳು. ರಾತ್ರಿಯನ್ನು ಒಂದು ಕಣ್ಣು ಮುಚ್ಚಿ ತೆಗೆಯುವಷ್ಟಕ್ಕೆ ಇಳಿಸಿದಳು. ಹಸಿವಿನ ಸಾಲಿಗೆ ಬಂದಾಗ ಅವಳ ಕೈ ನಿಂತಿತು. ಎರಡು ವರ್ಷ ತುಂಬಿದ ಗೋದಲಿಗಳೆಲ್ಲ ಕಣ್ಣ ಮುಂದೆ ಬಂದವು. ಪರದೆಯ ಮೇಲಿನ ಗುಂಡಿಯನ್ನು ಎಳೆದಳು, ಎಳೆದಳು, ಕೊನೆಯವರೆಗೂ ಎಡಕ್ಕೆ ಎಳೆದು ಸೊನ್ನೆಗೆ ತಂದು ನಿಲ್ಲಿಸಿದಳು. ತನ್ನ ಲೋಕದಲ್ಲಿ ಯಾವ ಜೀವವೂ ಹಸಿಯುವುದು ಬೇಡ. ಚೀಟಿಯಲ್ಲಿ ಅದನ್ನು ಬರೆದು ಕೆಳಗೆ ಎರಡು ಗೆರೆ ಹಾಕಿದಳು.

ಆಮೇಲೆ ಕಡಲು. ಬೆಳಗಿನ ಬಿಸಿಲು, ಖಾಲಿ ಮರಳು, ಮರಳಿನ ಮೇಲೆ ತನ್ನೊಬ್ಬಳದೇ ಹೆಜ್ಜೆ. ಅಲ್ಲಿಗೆ ಬಾ, ಇಲ್ಲಿಗೆ ಬಾ ಅನ್ನುವವರಿಲ್ಲ. ಹಲ್ಲಕ್ಕ ಸ್ವಲ್ಪ ಹೊತ್ತು ಏನೂ ಮಾಡದೆ ಅಲೆಗಳ ಸದ್ದು ಕೇಳಿಸಿಕೊಂಡಳು.

ಬಾತುಮೂತಿ ಹೊಳೆಯ ಪಕ್ಕದಲ್ಲೇ ಸಿಕ್ಕಿತು. ಮೈ ಮಣ್ಣಿನ ಬಣ್ಣ, ನೆತ್ತಿಯಿಂದ ಹಿಂದಕ್ಕೆ ಚಾಚಿದ ಕೆಂಪು ಕೊಂಬು. ಪಳಗಿಸುವ ರೀತಿ ಅವಳಿಗೆ ಕೇಳಿ ಗೊತ್ತಿತ್ತು. ಕವಣೆಯಲ್ಲಿ ಕಲ್ಲು ಬೀಸಿ ಎಚ್ಚರ ತಪ್ಪಿಸಬೇಕು. ಬಿದ್ದ ಪ್ರಾಣಿಗೆ ಹಣ್ಣು ಕೊಟ್ಟರೆ ಅದು ಮಂಪರಿನಲ್ಲೇ ಒಂದೊಂದಾಗಿ ತಿನ್ನುತ್ತದೆ. ತಿಂದ ಹಾಗೆಲ್ಲ ಒಂದು ಹಸಿರು ಪಟ್ಟಿ ಏರುತ್ತದೆ. ಪಟ್ಟಿ ತುಂಬಿದರೆ ಪ್ರಾಣಿ ನಮ್ಮದು, ಅದಕ್ಕೆ ಮೊದಲೇ ಎಚ್ಚರವಾದರೆ ಕಾಡಿನದು. ಎಂಟು ಕಲ್ಲಿಗೆ ಬಾತುಮೂತಿ ಮಂಡಿಯೂರಿ ಮಲಗಿತು. "ತಪ್ಪಾಯ್ತು ಕಣಮ್ಮ" ಅಂತ ಹಲ್ಲಕ್ಕ ಬಾಯಿಬಿಟ್ಟೇ ಹೇಳಿದಳು. ನೇರಳೆ ಬಣ್ಣದ ಹಣ್ಣು ಐವತ್ತು ಕಿತ್ತು ಅದಕ್ಕೆ ಒಪ್ಪಿಸಿ, ಅಡುಗೆಮನೆಯ ಗಡಿಯಾರದಲ್ಲಿ ನಲವತ್ತು ನಿಮಿಷಕ್ಕೆ ಗಂಟೆ ಇಟ್ಟು, ಎದ್ದುಹೋಗಿ ಕಾಳು ಆರಿಸಲು ಕೂತಳು.

"ನೋಡಲ್ವೇನೇ ಅದನ್ನ?"

"ಪ್ಲಾಸ್ಟರ್ ಗಟ್ಟಿಯಾಗೋ ಹೊತ್ತಲ್ಲಿ ಮುಟ್ಟಬಾರದು ಅಕ್ಕ. ಇಣುಕೀ ಇಣುಕೀ ಕೆಟ್ಟ ಅಚ್ಚುಗಳು ಎಷ್ಟು ಅಂತೀಯ."

ಗಂಟೆ ಹೊಡೆದಾಗ ಬಂದು ನೋಡಿದರೆ ಹುಲ್ಲು ಮಾತ್ರ ಇತ್ತು. ಪ್ರಾಣಿ ದೂರದಲ್ಲಿ, ಮರಗಳ ಸಂದಿಯಲ್ಲಿ, ಏನೂ ಆಗದ ಹಾಗೆ ಓಡುತ್ತಿತ್ತು. ಮತ್ತೆ ಹಿಡಿದಳು, ಮತ್ತೆ ಹಣ್ಣು ಕೊಟ್ಟಳು. ಈ ಸಲ ಗಂಟೆ ಇಡದೆ ಎದುರಿಗೇ ಕೂತಳು. ಐವತ್ತಕ್ಕೆ ಐವತ್ತೂ ಹಣ್ಣು ಹಾಗೇ ಇದ್ದವು. ಹಸಿರು ಪಟ್ಟಿ ಕೂದಲೆಳೆಯಷ್ಟೂ ಅಲುಗಲಿಲ್ಲ. ಪ್ರಾಣಿ ಕಣ್ಣು ಬಿಟ್ಟಿತು, ಎದ್ದಿತು, ಮೈ ಕೊಡವಿಕೊಂಡು ಹೊರಟೇಹೋಯಿತು. ಹೊತ್ತು ಎರಡಾಗಿತ್ತು.

ದೊಡ್ಡಕ್ಕ ತಟ್ಟೆಯಲ್ಲಿ ಅನ್ನ ತಂದು ಪಕ್ಕದಲ್ಲಿಟ್ಟಳು. ಹಲ್ಲಕ್ಕ ತಟ್ಟೆ ಸರಿಸಿದಳು.

"ಬೇಡ ಅಕ್ಕ. ಹಸಿವಿಲ್ಲ."

"ಹಸಿವಿಲ್ಲದೆ ಇದ್ರೆ ಬಿಡು. ನಿನ್ನ ಬಾಯಿಗೆ ತುರುಕೋಕೆ ನಂಗೇನ್ ಬೇರೆ ಕೆಲಸ ಇಲ್ವಾ? ಹೊಟ್ಟೆ ಕೇಳ್ದಾಗ ತಾನಾಗೇ ಕೈ ಹೋಗುತ್ತೆ."

ಹಲ್ಲಕ್ಕ ತಟ್ಟೆಯನ್ನೇ ನೋಡಿದಳು. ಆಮೇಲೆ ಚೀಟಿಯನ್ನು ತೆಗೆದು ಎರಡು ಗೆರೆ ಎಳೆದ ಸಾಲನ್ನು ಓದಿದಳು.

"ಅಯ್ಯೋ ನನ್ನ ಬುದ್ಧಿಗಿಷ್ಟು!" ಹಣೆ ಬಡಿದುಕೊಂಡಳು. "ಹಸಿವೇ ಇಲ್ಲ ಅಕ್ಕ ಅದಕ್ಕೆ. ನಾನೇ ತೆಗ್ದುಬಿಟ್ಟಿದೀನಿ."

"ಏನು?"

"ಹೊಟ್ಟೇನೇ ಕೊಟ್ಟಿಲ್ಲ ಅದಕ್ಕೆ. ಹಣ್ಣು ಯಾಕೆ ತಿನ್ನುತ್ತೆ?"

ದೊಡ್ಡಕ್ಕ ಕಣ್ಣಲ್ಲಿ ನೀರು ಬರುವವರೆಗೆ ನಕ್ಕಳು. ಕೆಳಗಿನ ಮನೆಯವರು ಏನಾಯಿತು ಅಂತ ಕೂಗಿ ಕೇಳಿದರು. "ಏನಿಲ್ಲ, ನಮ್ಮ ಪುಟ್ಟಿ ಜಗತ್ತಿನ ಹಸಿವು ನೀಗಿಸಿದಾಳೆ!" ಅಂತ ದೊಡ್ಡಕ್ಕ ಕಿಟಕಿಯಿಂದಲೇ ಉತ್ತರ ಕೊಟ್ಟಳು.

ಹಲ್ಲಕ್ಕ ಗುಂಡಿಯನ್ನು ನಡುಮಧ್ಯಕ್ಕೆ ತಂದಳು. ತಂದ ಮೇಲೆ ಒಂದು ಕ್ಷಣ ಹಿಂಜರಿದಳು. ಇನ್ನು ಇಲ್ಲೂ ಪೊದೆ ಪೊದೆ ತಿರುಗಬೇಕು. ಬಿಟ್ಟು ಬಂದ ಕೆಲಸ ಇಲ್ಲೂ ಹಿಂದೆ ಬಂತು. ಅನ್ನದ ತಟ್ಟೆ ಎಳೆದುಕೊಂಡು ಎರಡು ತುತ್ತು ಉಂಡಳು, ಉಂಡಾದ ಮೇಲೆ ಅದು ಅಷ್ಟೇನೂ ಭಾರ ಅನಿಸಲಿಲ್ಲ.

ಅದೇ ಕೆಂಪು ಕೊಂಬಿನದನ್ನು ಹುಡುಕಿ ಹಿಡಿಯುವಷ್ಟರಲ್ಲಿ ನಾಲ್ಕಾಗಿತ್ತು. ಈ ಸಲ ಮೊದಲ ಹಣ್ಣು ಕೊಟ್ಟ ಸ್ವಲ್ಪ ಹೊತ್ತಿಗೇ ಅದರ ದವಡೆ ಆಡಿತು. ನಿದ್ದೆಯಲ್ಲಿ ಮಗು ಬಾಯಿ ಚಪ್ಪರಿಸುವ ಹಾಗೆ, ಒಂದೇ ಸಲ. ಹಸಿರು ಪಟ್ಟಿ ಚೂರೇ ಚೂರು ಏರಿತು. ಹಲ್ಲಕ್ಕನಿಗೆ ಕುರ್ಚಿಯಲ್ಲಿ ಕೂರಲಾಗಲಿಲ್ಲ, ಎದ್ದು ನಿಂತೇ ಆಡಿದಳು. ಹಣ್ಣು ಮುಗಿದಾಗ ಓಡಿಹೋಗಿ ಕಿತ್ತು ತಂದಳು. ಮತ್ತೆ ಮುಗಿಯಿತು, ಮತ್ತೆ ತಂದಳು. ಪೊದೆಗಳು ಅವೇ, ಹಣ್ಣೂ ಅದೇ. ಆದರೆ ಪ್ರತಿ ಸಲವೂ ವಾಪಸ್ಸು ಬರುವಾಗ, ಅದು ಅಲ್ಲೇ ಇದೆಯೋ ಇಲ್ಲವೋ ಅಂತ ಎದೆ ಹೊಡೆದುಕೊಳ್ಳುತ್ತಿತ್ತು.

ಒಮ್ಮೆ ಬರುವಷ್ಟರಲ್ಲಿ ಕೋಳಿಗಿಂತ ಸ್ವಲ್ಪ ದೊಡ್ಡವು, ಬರೀ ಬಾಯಿಯೇ ಆದಂಥ ಮೂರು ಪ್ರಾಣಿಗಳು ಮಲಗಿದ್ದರ ಸುತ್ತ ಮೂಸುತ್ತಿದ್ದವು.

"ಪುಟ್ಟೀ, ಬಾಲದ ಹತ್ರ! ಬಾಲದ ಹತ್ರ ಒಂದು!" ದೊಡ್ಡಕ್ಕ ಕುರ್ಚಿಯ ಬೆನ್ನು ಹಿಡಿದು ಕೂಗಿದಳು. "ಏಯ್, ಇಳೀರೋ ಕೆಳಗೆ! ಹತ್ತಬೇಡಿ ಅಂದ್ರೆ ಹತ್ತಬೇಡಿ!"

ಎರಡು ವರ್ಷ ಆಯುಧ ಎತ್ತದ ಹಲ್ಲಕ್ಕ ದೊಣ್ಣೆ ಬೀಸಿದಳು. ಎರಡು ಓಡಿದವು. ಮೂರನೆಯದು ಅವಳ ಕಾಲಿಗೆ ಬಾಯಿ ಹಾಕಿ ಆಮೇಲೆ ಓಡಿತು. ಅವಳು ಕುಂಟುತ್ತಲೇ ಬಂದು ಮಲಗಿದ್ದರ ಪಕ್ಕ ನಿಂತಳು. ಮೇಜಿನ ಮೇಲೆ ಮೊಬೈಲು ಹೊಡೆದುಕೊಂಡಿತು.

"ಅಕ್ಕ, ಐದಾಯ್ತು," ಅಂದ ಡಬ್ಬಿಯಣ್ಣ.

"ಗೊತ್ತು."

"ಪಳಗ್ತಾ?"

ಅವಳು ಪಟ್ಟಿ ನೋಡಿದಳು. ಮುಕ್ಕಾಲಿಗೆ ಬಂದಿತ್ತು. ದೊಡ್ಡಕ್ಕ ಎದುರಿಗೆ ನಿಂತು, ಆಯ್ತು ಅನ್ನೇ, ಆಯ್ತು ಅನ್ನೇ ಅಂತ ಕೈ ಬಾಯಿ ಎಲ್ಲಾ ಆಡಿಸುತ್ತಿದ್ದಳು.

"ಇಲ್ಲ," ಅಂದಳು ಹಲ್ಲಕ್ಕ.

"ಹಾಗಾದ್ರೆ ಬನ್ನಿ ಮತ್ತೆ. ಇಲ್ಲಿ ಎಲ್ಲವೂ ಬಾಯಿ ಬಿಟ್ಕೊಂಡು ನಿಂತಿವೆ."

ಮಂಪರಿನಲ್ಲಿದ್ದ ಪ್ರಾಣಿಯ ದವಡೆ ಮತ್ತೊಮ್ಮೆ ಆಡಿತು.

"ನಾನು ಬರಲ್ಲ."

"ಮಾತಾಗಿತ್ತಲ್ಲ ಅಕ್ಕ?"

"ಆಗಿತ್ತು. ನಾನು ತಪ್ಪಿದೀನಿ. ನಾಳೆ ಬೇಕಾದ್ರೆ ಎಲ್ಲರ ಮುಂದೆ ಹೇಳು. ಇದನ್ನ ಅರ್ಧಕ್ಕೆ ಬಿಟ್ಟು ಬರೋಕಾಗಲ್ಲ. ನಾಳಿದ್ದೂ ಬರಲ್ಲ, ಈಗಲೇ ಹೇಳಿಬಿಟ್ಟಿದೀನಿ."

ಹೇಳಿದ ಮೇಲೆ ಅವಳ ಕಿವಿ ಬಿಸಿಯಾಯಿತು. ಸಿಟ್ಟಾದನೇನೋ ಅಂದುಕೊಂಡಳು. ಆದರೆ ಅವನು ದನಿ ತಗ್ಗಿಸಿ ಕೇಳಿದ: "ಅಕ್ಕ, ನೀವು ಗೋದಲಿಗೆ ಹಾಕ್ತಿದ್ದ ಆ ನೇರಳೆ ಬಣ್ಣದ ಹಣ್ಣು... ಅದು ಎಲ್ಲಿ ಸಿಗುತ್ತೆ?"

"ಎರಡು ವರ್ಷದಿಂದ ಅಲ್ಲೇ ಇದೀಯಲ್ಲೋ!"

"ನಾವ್ಯಾವತ್ತು ಕಿತ್ತಿದೀವಿ ಹೇಳಿ."

"ಹೊಳೆ ದಾಟಿ ಎಡಕ್ಕೆ ಹೋಗು. ಗಿಡ್ಡ ಪೊದೆಗಳು. ಕಪ್ಪು ಹಣ್ಣು ಬೆರೆಸಬೇಡ ಮತ್ತೆ, ತಿಂದವೆಲ್ಲ ನಿದ್ದೆಗೆ ಬೀಳ್ತವೆ."

"ಎಷ್ಟು ಹಾಕ್ಬೇಕು?"

"ಹಾಕ್ತಾ ಹೋಗು. ಗೊತ್ತಾಗುತ್ತೆ."

ಫೋನು ಇಟ್ಟು, ಉಳಿದ ಹಣ್ಣುಗಳನ್ನು ಕೊಟ್ಟಳು. ಕಿಟಕಿಯ ಬಿಸಿಲು ಮೇಜಿನಿಂದ ಇಳಿದು ನೆಲಕ್ಕೆ ಬಂದಿತ್ತು. ಐದೂವರೆ ದಾಟಿ ನಾಲ್ಕು ನಿಮಿಷಕ್ಕೆ ಪಟ್ಟಿ ತುಂಬಿತು. ಬಾತುಮೂತಿ ತಲೆ ಎತ್ತಿತು, ಮುಂಗಾಲು ಊರಿ ಎದ್ದಿತು. ಈ ಸಲ ಓಡಲಿಲ್ಲ. ಅವಳು ನಾಲ್ಕು ಹೆಜ್ಜೆ ನಡೆದಳು, ಅದೂ ನಾಲ್ಕು ಹೆಜ್ಜೆ ಬಂತು.

"ಇನ್ನೊಬ್ಬರಿಗೆ ಜಾಗ ಇದೆಯೇನೇ ಅಲ್ಲಿ?" ದೊಡ್ಡಕ್ಕ ಕೇಳಿದಳು.

"ಇದು ಒಬ್ಬರೇ ಆಡೋದು ಅಕ್ಕ."

"ಆಡ್ತೀನಿ ಅಂದ್ನಾ ನಾನು? ನೋಡ್ತೀನಿ, ಅಷ್ಟೇ." ಅಡುಗೆಮನೆಯ ಸ್ಟೂಲನ್ನು ಎಳೆದು ತಂದು ಪಕ್ಕದಲ್ಲಿ ಕೂತಳು.

ಹಲ್ಲಕ್ಕ ಅವಳಿಗೂ ಕಾಣುವ ಹಾಗೆ ಪರದೆಯನ್ನು ಚೂರು ತಿರುಗಿಸಿದಳು. ಆ ಪ್ರಾಣಿಯನ್ನು ಹೊಳೆಯ ಅಂಚಿಗೆ ಕರೆದುಕೊಂಡು ಹೋದಳು. ಅದು ಕತ್ತು ಬಗ್ಗಿಸಿ ನೀರಿಗೆ ಮೂತಿ ಇಟ್ಟಿತು. ಅವಳು ಮೌಸಿನಿಂದ ಕೈ ತೆಗೆದು, ಅದು ಕುಡಿದು ಮುಗಿಸಲಿ ಅಂತ ಸುಮ್ಮನೆ ಕಾದಳು.