ಬಿಸಿ ಪೋಡಿಯೊಳಗಿನ ಐಸ್‌ಕ್ರೀಮ್

ಮೊನ್ನೆ ಕಟ್ಲೆಟ್ಟಿಗೆಂದು ಪುಡಿ ಮಾಡಿಟ್ಟ ರಸ್ಕ್ ಒಂದಿಷ್ಟು ಕಾದ ತೆಂಗಿನೆಣ್ಣೆಗೆ ಬಿದ್ದು ಸೀದುಹೋಯಿತು. ಹೆಂಡತಿ ಕಿಟಕಿ ತೆರೆಯಲು ಓಡಿದಳು. ನಾನು ಗ್ಯಾಸ್ ಸಿಲಿಂಡರ್ ಮೂಸಲು ಓಡಿದೆ. ಮನೆಯಲ್ಲಿ ಏನೇ ಸೀದರೂ ನನ್ನ ಮೊದಲ ಅನುಮಾನ ಸಿಲಿಂಡರಿನ ಮೇಲೆಯೇ. ಅಲ್ಲಿ ಬಗ್ಗಿ ನಿಂತಾಗ ಗೊತ್ತಾಯಿತು, ಆ ವಾಸನೆ ಕಾಕನ ಬಾಣಲೆಯದು...

ಈಶ್ವರಮಂಗಲದ ಬ್ಯಾರಿ ಅವರು. ನನಗಿಂತ ಹತ್ತು ವರ್ಷಕ್ಕೆ ದೊಡ್ಡವರು, ಹಾಗಾಗಿ ಕಾಕ. ಹದಿನೈದು ಹದಿನಾರು ವರ್ಷದ ಹಿಂದೆ ಸುಳ್ಯದಲ್ಲಿ ನಾಲ್ಕು ದಿನದ ಕೃಷಿಮೇಳ ನಡೆದಾಗ ತಿಂಡಿ ಮಳಿಗೆಗಳ ಉಸ್ತುವಾರಿ ನನ್ನ ತಲೆಗೆ ಬಂದಿತ್ತು. ಜಾಗ ಕೇಳಿಕೊಂಡು ಕಾಕ ಬಂದರು. ಗಲ್ಫಿನ ಹೋಟೆಲೊಂದರಲ್ಲಿ ಕರಿಯುವ ಕೆಲಸ; ಎರಡು ತಿಂಗಳ ರಜೆ. ಮಾರುವುದೇನು ಎಂದರೆ, ಐಸ್‌ಕ್ರೀಮ್ ಪೋಡಿ. ಅಂದರೆ ಐಸ್‌ಕ್ರೀಮಿನ ಬಜ್ಜಿ. ನನಗೆ ಕೂಡಲೇ ಬೆಂಕಿ, ಸಿಡಿಯುವ ಎಣ್ಣೆ, ಮಕ್ಕಳ ಹಲ್ಲು, ಎಲ್ಲದರ ಚಿಂತೆ ಶುರುವಾಯಿತು.

"ಇದು ನಡೆದರೆ ನಾನು ಊರಲ್ಲೇ ನಿಲ್ತೇನೆ ಗೌಡ್ರೆ. ಇಲ್ಲದಿದ್ರೆ ಬರುವ ತಿಂಗಳು ವಾಪಸ್ ಹೋಗುದೇ. ಮಗಳಿಗೆ ಮೂರು ವರ್ಷ ಆಯ್ತು, ನನ್ನನ್ನು ಕಂಡರೆ ಬಾಗಿಲ ಹಿಂದೆ ಅಡಗ್ತಾಳೆ" ಎಂದರು. ಜಾಗ ಕೊಡದೆ ಇರಲಾಗಲಿಲ್ಲ.

ಅವರ ಕೆಲಸ ನೋಡುವಂಥದ್ದು. ಐಸ್‌ಕ್ರೀಮನ್ನು ನಿಂಬೆಹಣ್ಣಿನಷ್ಟು ಉಂಡೆ ಮಾಡಿ, ರಸ್ಕ್ ಪುಡಿಯಲ್ಲಿ ಹೊರಳಿಸಿ, ಕಲ್ಲಿನಂತಾಗುವ ತನಕ ಫ್ರೀಜರಿನಲ್ಲಿ ಇಟ್ಟಿರುತ್ತಿದ್ದರು. ಅದನ್ನು ಮೈದಾ ಹಿಟ್ಟಿನಲ್ಲಿ ಅದ್ದಿ, ಮತ್ತೆ ಪುಡಿಯಲ್ಲಿ ಹೊರಳಿಸಿ ಎಣ್ಣೆಗೆ ಬಿಟ್ಟರೆ, ನಾವು ಕಣ್ಣು ಒರೆಸಿಕೊಳ್ಳುವಷ್ಟರಲ್ಲಿ ಕೆಂಪಗಾಗಿ ಮೇಲೆ ಬರುತ್ತಿತ್ತು. ಬಿರುಕು ಬಿಟ್ಟದ್ದನ್ನು ಯಾರಿಗೂ ಕೊಡುತ್ತಿರಲಿಲ್ಲ, ಬದಿಗೆ ಎಸೆಯುತ್ತಿದ್ದರು. ಇಂಥ ಶಿಸ್ತು ನನ್ನ ಮದುವೆಯ ಅಡುಗೆಯವರಲ್ಲೂ ಇರಲಿಲ್ಲ.

ಮೊದಲ ದಿನ ಸಾಯಂಕಾಲ ಅಮ್ಮನಿಗೆಂದು ಎರಡು ಪೋಡಿಯನ್ನು ಪೇಪರಿನಲ್ಲಿ ಕಟ್ಟಿಸಿಕೊಂಡು ಬಸ್ಸು ಹತ್ತಿದೆ. ರಶ್ಶಿನಲ್ಲಿ ಕಾಕ ಗಮನಿಸಲಿಲ್ಲ, ಕಟ್ಟಿದ್ದು ಸಹಾಯಕ್ಕೆ ನಿಂತಿದ್ದ ಅವರ ಭಾವ. ಮನೆಯಲ್ಲಿ ಬಿಚ್ಚಿದರೆ ಒದ್ದೆ ಪೇಪರು, ಟೊಳ್ಳು ಸಿಪ್ಪೆ, ನನ್ನ ಪ್ಯಾಂಟಿನ ಮೇಲೆ ವೆನಿಲಾ. ಅಮ್ಮ ಸಿಪ್ಪೆಯನ್ನು ತಿಂದು, ಮೇಳದ ಪೋಡಿ ಅಲ್ಲವಾ, ಒಳಗೆ ಗಾಳಿಯೇ ಇರುವುದು ಎಂದು ಸಮಾಧಾನಪಟ್ಟುಕೊಂಡರು.

ಎಲ್ಲರಿಗೂ ಅಮ್ಮನಷ್ಟು ಸಮಾಧಾನ ಇರುವುದಿಲ್ಲ. ಮರುದಿನ ಮಧ್ಯಾಹ್ನ ಹತ್ತು ಹನ್ನೆರಡು ಮಂದಿ ಟೊಳ್ಳು ಪೋಡಿ ಹಿಡಿದುಕೊಂಡು ಮೇಳದ ಅಧ್ಯಕ್ಷರಲ್ಲಿಗೆ ಬಂದರು. ಒಳಗೆ ಎಂತದೂ ಇಲ್ಲ, ಇದು ಮೋಸ ಎಂಬ ದೂರು. ಅಧ್ಯಕ್ಷರು ನನ್ನನ್ನು ಕರೆದು, ಆ ಮಳಿಗೆ ಈಗಲೇ ಮುಚ್ಚಿಸು ಎಂದರು. ಪಾರ್ಸೆಲ್ ಒಯ್ದ ಮೊದಲ ಪೆದ್ದ ನಾನೇ ಎಂದು ಹೇಳುವ ಧೈರ್ಯ ಬರಲಿಲ್ಲ. ಹೇಳಬೇಕಾದ ಮಾತನ್ನು ದಾರಿಯುದ್ದಕ್ಕೂ ಉರು ಹೊಡೆಯುತ್ತಾ ಹೋದೆ.

ಅಷ್ಟರಲ್ಲಿ ದೂರಿನವರು ಕಾಕನನ್ನು ಸುತ್ತುಗಟ್ಟಿದ್ದರು. ಕಾಕ ವಾದಿಸಲಿಲ್ಲ. ಒಂದೇ ಪ್ರಶ್ನೆ ಕೇಳಿದರು.

"ಚಾ ಬರುವ ತನಕ ಕಾದಿರಾ?"

ಎಲ್ಲರೂ ಕಾದಿದ್ದರು. ಪೋಡಿ ಎಂದ ಮೇಲೆ ಚಾ ಬರದೆ ನಾವು ಮುಟ್ಟುವವರೇ ಅಲ್ಲ. ಅಷ್ಟು ವರ್ಷ ಹೊರಗಿದ್ದು ಕಾಕ ಊರಿನ ಈ ಪದ್ಧತಿಯನ್ನೇ ಮರೆತಿದ್ದರು. ತಪ್ಪು ನನ್ನದೇ, ಹೇಳಬೇಕಿತ್ತು ಎಂದು ಎಲ್ಲರಿಗೂ ಹೊಸದಾಗಿ ಕರಿದರು. ದೂರಿನವರಲ್ಲಿ ಜೋರಿನವರಾದ ಒಬ್ಬ ಮೀಸೆಯ ಅಡಿಕೆ ವ್ಯಾಪಾರಿಯನ್ನು ಬಾಣಲೆಯ ಎದುರೇ ನಿಲ್ಲಿಸಿ, ಹತ್ತು ಎಣಿಸುವ ಮೊದಲು ಕಚ್ಚಬೇಕು ಎಂದು ತಾಕೀತು ಮಾಡಿ, "ಒಂಜಿ, ರಡ್ಡ್, ಮೂಜಿ" ಎಂದು ತುಳುವಿನಲ್ಲಿ ಶುರು ಮಾಡಿದರು. ಸುತ್ತಲಿನವರೂ ಸೇರಿ ಎಣಿಸಿದರು. ಏಳಕ್ಕೆ ಸಾಹುಕಾರರು ಕಚ್ಚಿದರು. ಕಣ್ಣು ಅರಳಿತು. ಮೀಸೆಯಿಂದ ಬಿಳಿ ಹನಿ ಇಳಿಯಿತು.

"ಬಿಸಿಯೂ ಉಂಟು, ತಂಪೂ ಉಂಟು. ಎಂತದು ಮಾರಾಯ ಇದು... ಇನ್ನೊಂದು ಹಾಕು."

ಅಲ್ಲಿಗೆ ಮುಗಿಯಿತು. ಎಣಿಸುವುದೇ ಒಂದು ಆಟವಾಗಿ ಜನ ಮುಗಿಬಿದ್ದರು. ಆ ಗದ್ದಲದ ನಡುವೆ ಕಾಕನಿಗೆ ನಾನು ಕಂಡೆ. ಕೈ ನಿಂತಿತು, ಮುಖ ಸಣ್ಣಗಾಯಿತು. "ಅಧ್ಯಕ್ಷರು ಎಂತ ಹೇಳಿದ್ರು ಗೌಡ್ರೆ?"

ಉರು ಹೊಡೆದದ್ದೆಲ್ಲ ಮರೆತುಹೋಗಿತ್ತು. "ಎಂತ ಇಲ್ಲ. ನನಗೂ ಒಂದು ಕೊಡಿ" ಎಂದೆ. ಆ ಸಾಲನ್ನು ದಾಟಿ ಮಳಿಗೆ ಮುಚ್ಚಿಸಲು ಹೋಗಿದ್ದರೆ ಜನ ನನ್ನನ್ನೇ ಹಿಟ್ಟಿನಲ್ಲಿ ಅದ್ದುತ್ತಿದ್ದರು. ಸಾಲು ಕಂಡ ಅಧ್ಯಕ್ಷರೂ ಆ ವಿಷಯ ಮತ್ತೆ ಎತ್ತಲಿಲ್ಲ.

ಕಾಕ ಗಲ್ಫಿಗೆ ಹೋಗಲಿಲ್ಲ. ಪುತ್ತೂರು, ಕಡಬ, ಸುಳ್ಯ, ಎಲ್ಲಿ ಮೇಳವೋ ಅಲ್ಲಿ ಅವರ ಬಾಣಲೆ. ಹಲಸಿನ ಹಣ್ಣಿನ ಐಸ್‌ಕ್ರೀಮನ್ನೂ ಕರಿದರು, ಎಳನೀರಿನದ್ದನ್ನೂ. ನನ್ನನ್ನು ಕಂಡಲ್ಲೆಲ್ಲ ಪಕ್ಕದವರಿಗೆ ಹೇಳುತ್ತಿದ್ದರು, ಮುಚ್ಚಿಸಲು ಆರ್ಡರ್ ಆಗಿತ್ತಂತೆ, ಈ ಗೌಡ್ರು ಗಟ್ಟಿ ನಿಂತದ್ದಕ್ಕೆ ನಾನು ಉಳಿದದ್ದು ಎಂದು. ಯಾರು ಹೇಳಿದ್ದೋ. ಪ್ರತಿ ಸಲವೂ ನಿಜ ಹೇಳಲು ಬಾಯಿ ತೆರೆಯುತ್ತಿದ್ದೆ, ಅದಕ್ಕೆ ಸರಿಯಾಗಿ ಕಾಕ ಪೋಡಿ ಕೊಡುತ್ತಿದ್ದರು...

ಹೋದ ವರ್ಷ ಕಾಕ ತೀರಿಕೊಂಡರು. ಅವರ ಮನೆಗೆ ಹೋದಾಗ, ಸುಳ್ಯದಲ್ಲಿ ನರ್ಸಿಂಗ್ ಓದುತ್ತಿರುವ ಮಗಳು ಜಗಲಿಯಲ್ಲಿದ್ದವರಿಗೆಲ್ಲ ಅದೇ ಕಥೆಯನ್ನು ಹೇಳಿದಳು. ಇವರಿಂದಾಗಿ ನನಗೆ ಅಪ್ಪ ಮನೆಯಲ್ಲೇ ಸಿಕ್ಕಿದರು ಎಂದಳು. ನಾನು ತಲೆ ತಗ್ಗಿಸಿ ಕೂತಿದ್ದೆ. ಅದನ್ನು ಅವರೆಲ್ಲ ವಿನಯ ಎಂದುಕೊಂಡರು.

ಅವಳಿಗೆ ಓದುವ ಅಭ್ಯಾಸ ಉಂಟಂತೆ. ಇದು ಅವಳ ಕೈಗೆ ಸಿಕ್ಕಿದರೆ ಎಂಬ ಚಿಂತೆಯಲ್ಲಿ ಎರಡು ಸಲ ಹರಿದುಹಾಕಿದೆ, ಮೂರನೆಯ ಸಲ ಬರೆದೆ. ಓದಲಿ. ಅಪ್ಪನನ್ನು ಊರಿನಲ್ಲಿ ಉಳಿಸಿಕೊಂಡದ್ದು ಅಪ್ಪನೇ ಎಂದು ಅವಳಿಗಾದರೂ ತಿಳಿಯಲಿ. ಕಾಕನಿಗೆ ಹೇಳುವ ಹೊತ್ತು ನನ್ನ ಕೈಯಲ್ಲಿ ಕರಗಿಹೋಯಿತು.