ಪಂಚೆಯ ಪರದೆ

ಕುದುರೆ ಓಡುವ ಸದ್ದು ಎಂದರೆ ಇಂದಿಗೂ ನನ್ನ ಕಿವಿಯಲ್ಲಿ ಹಾರ್ಮೋನಿಯಂ ಮೊಳಗುತ್ತದೆ. ಚಳ್ಳಕೆರೆಯ ಬಯಸ್ಕೋಪ್ ಡೇರೆಯಲ್ಲಿ ಪರದೆಯ ಕುದುರೆಗಳಿಗೆ ಗೊರಸಿನ ಸದ್ದು ಕೊಡುತ್ತಿದ್ದವರು ಅವ್ವನ ತಮ್ಮ, ನಮ್ಮ ವೀರಣ್ಣ ಮಾವ.

ಆಗಿನ್ನೂ ಚಿತ್ರಗಳಿಗೆ ಮಾತು ಬಂದಿರಲಿಲ್ಲ. ಅಳುವ ಹೆಂಗಸಿಗೊಂದು, ಕಳ್ಳನಿಗೊಂದು, ಎಲ್ಲ ಟ್ಯೂನೂ ಮಾವನೇ ಕಟ್ಟಿದ್ದು. ಬೆರಳು ಪೆಟ್ಟಿಗೆಯ ಮೇಲೆ, ಕಣ್ಣು ಸದಾ ಪರದೆಯ ಮೇಲೆ. "ಕೈ ನೋಡ್ಕಂಡ್ರೆ ಕಳ್ಳ ತಪ್ಪಿಸ್ಕಂಡು ಹೋಗ್ತಾನೆ ಕಣವ್ವಾ" ಎನ್ನುತ್ತಿದ್ದರು.

ಕಾನ್ವೆಂಟಿನಿಂದ ರಜೆಗೆ ಬಂದ ನಾನು ದೊಡ್ಡ ಕ್ರಿಟಿಕ್. "ಮಾವ, ನಮ್ಮ ಸಿಸ್ಟರ್ ಪಿಯಾನೋ ನುಡಿಸುವಾಗ ಯಾವ ಚಿತ್ರಾನೂ ಇರಲ್ಲ. ಜನ ಬರೀ ಮ್ಯೂಸಿಕ್ ಕೇಳ್ತಾರೆ" ಎಂದುಬಿಟ್ಟೆ. ಆ ಮಾತು ನಾಟಿತು. ವರ್ಷವಿಡೀ ಕೂತು, ಬರೀ ಕೇಳುವುದಕ್ಕೆಂದೇ ಒಂದು ದೊಡ್ಡ ಪೀಸ್ ಕಟ್ಟಿದರು. ಮರುವರ್ಷ ನನ್ನ ರಜೆಯಲ್ಲೇ ಮೊಳಕಾಲ್ಮೂರಿನ ರೇಷ್ಮೆ ವ್ಯಾಪಾರಿಯೊಬ್ಬರ ಅಂಗಳದಲ್ಲಿ ಕಾನ್ಸರ್ಟ್ ಗೊತ್ತಾಯಿತು. ತನ್ನನ್ನು 'ಡೇರೆಯವನು' ಎನ್ನುತ್ತಿದ್ದವರ ಬಾಯಲ್ಲಿ ಒಮ್ಮೆ ಸಂಗೀತಗಾರ ಅನ್ನಿಸಿಕೊಳ್ಳಬೇಕು, ಮಾವನಿಗೆ ಅಷ್ಟೇ ಆಸೆ.

ಕೂತರು. ಹಾರ್ಮೋನಿಯಂನ ತಿದಿ ಒತ್ತಿದರು. ಅಭ್ಯಾಸಬಲದಿಂದ ತಲೆಯೆತ್ತಿದರೆ ಎದುರಿಗೆ ಪರದೆಯಿಲ್ಲ, ಬರೀ ಮುಖಗಳು. ಬೆರಳು ನಿಂತೇಹೋಯಿತು.

"ಏನಯ್ಯಾ ವೀರಣ್ಣ, ಪೆಟ್ಟಿಗೇನೂ ಮೂಕ ಆಯ್ತಾ?" ಎಂದರು ವ್ಯಾಪಾರಿ. ಜನ ನಕ್ಕರು. ನನಗೆ ಭೂಮಿ ಬಾಯಿಬಿಡಬಾರದೇ ಅನ್ನಿಸಿತು.

ಆಗ ಮಾವನ ಹೆಂಡತಿ ಗಂಗತ್ತೆ ನಿಧಾನವಾಗಿ ಎದ್ದು, ಹಗ್ಗದ ಮೇಲೆ ಒಣಗುತ್ತಿದ್ದ ಬಿಳಿ ಪಂಚೆಯನ್ನು ಎಳೆದುಕೊಂಡು, ಒಂದು ತುದಿ ನನ್ನ ಕೈಗಿಟ್ಟಳು. "ಹಿಡ್ಕಳೇ ಇಂಗ್ಲಿಷ್ ಮೇಡಮ್ಮು. ಇವ್ರ ತಲೆಗೆ ಹುಳ ಬಿಟ್ಟೋಳು ನೀನೇ ಅಲ್ವೇನೆ?"

ಇಬ್ಬರೂ ಪಂಚೆಯನ್ನು ಬಿಡಿಸಿ ಹಿಡಿದು ಮಾವನ ಎದುರು ನಿಂತೆವು. ಆ ಖಾಲಿ ಬಟ್ಟೆಯ ಮೇಲೆ ಅವರಿಗೆ ಏನು ಕಂಡಿತೋ, ಬೆರಳು ಹರಿಯತೊಡಗಿತು. ತೋಳು ಸೋತರೂ ನಾನು ಇಳಿಸಲಿಲ್ಲ. ಮುಗಿದಾಗ ಅದೇ ವ್ಯಾಪಾರಿ ತಗ್ಗಿದ ದನಿಯಲ್ಲಿ, "ಇನ್ನೊಂದ್ಸಲ ಆಗ್ಲಿ ವೀರಣ್ಣೋರೆ" ಎಂದರು. ಅಬ್ಬಾ! ಅಂಥ ರಿಲೀಫ್ ನನಗೆ ಪರೀಕ್ಷೆ ಪಾಸಾದಾಗಲೂ ಸಿಕ್ಕಿಲ್ಲ.

ಮುಂದೆ ಚಿತ್ರಗಳಿಗೆ ಮಾತು ಬಂತು. ಡೇರೆಗೆ ಹಾರ್ಮೋನಿಯಂ ಬೇಡವಾಯಿತು. ನಾವು ಹೆದರಿದ್ದೆವು, ಮಾವ ನಕ್ಕರು. "ಸದ್ಯ! ಆ ಕುದುರೆ ಹಿಂದೆ ಓಡೋದು ತಪ್ತು."

ನಾನು ಮದುವೆಯಾಗಿ ಮದರಾಸಿಗೆ ಹೊರಟ ದಿನ ಅವರನ್ನು ಕೊನೆಯ ಸಲ ನೋಡಿದೆ. ಜಗಲಿಯಲ್ಲಿ ಅದೇ ಪೀಸ್ ನುಡಿಸುತ್ತಿದ್ದರು. ಟವೆಲ್ ಬಿಡಿಸಿ ಹಿಡಿದು, "ಪರದೆ ಬೇಕಾ ಮಾವ?" ಎಂದು ತಮಾಷೆ ಮಾಡಿದೆ. ನೋಡಿದರೆ, ಕಣ್ಣು ಮುಚ್ಚಿಕೊಂಡೇ ನುಡಿಸುತ್ತಿದ್ದರು; ಬೆರಳು ಎಲ್ಲೂ ತಡೆಯಲಿಲ್ಲ.

ಟವೆಲನ್ನು ಮಡಚಿ ಅವರ ಪಕ್ಕದಲ್ಲಿಟ್ಟು, ಸದ್ದಾಗದಂತೆ ಮೆಟ್ಟಿಲಿಳಿದೆ.