‘ಹೊಡಿ’ ಅಂದವರು ಯಾರು

ನಮ್ಮ ಏಳು ನಿಮಿಷದ ಸಾಹಸ ಚಿತ್ರದಲ್ಲಿ ಖಳನಾಯಕನೇ ಇರಲಿಲ್ಲ. ಯಲಬುರ್ಗಾ ಹತ್ತಿರದ ಎರೆಹೊಲದಲ್ಲಿ ನಾಯಕ ಬರೀ ಗಾಳಿಯ ಜೊತೆ ಬಡಿದಾಡುತ್ತಾನೆ. ಅದೇ ಪ್ರಯೋಗ. ನಿರ್ದೇಶಕನೂ ನಾಯಕನೂ ನನ್ನ ವಿಶ್ವವಿದ್ಯಾಲಯದ ಗೆಳೆಯ. ಕ್ಯಾಮೆರಾ ನನ್ನ ಮೊಬೈಲು. ಧೂಳೆಬ್ಬಿಸಲು ಗೆಳೆಯನ ಸೋದರಮಾವ, ತಮ್ಮ ಟ್ರ್ಯಾಕ್ಟರ್ ಸಮೇತ.

ಮಾವನದು ಒಂದೇ ಷರತ್ತು. “ಕಡೀಕ ಹೆಸರು ಬರ್ತಾವಲ್ಲ, ಅದ್ರಾಗ ನಂದೂ ಬರಬೇಕ ನೋಡಪಾ. ಊರಾಗ ಹೇಳೇನಿ.”

‘ಆ್ಯಕ್ಷನ್’ ಅನ್ನುವುದು ಬೇಡ, ‘ಹೊಡಿ’ ಅನ್ನೋಣ ಎಂದು ಓದು ತಲೆಗೇರಿದ್ದ ನಾವಿಬ್ಬರೂ ತೀರ್ಮಾನಿಸಿದ್ದೆವು. ನಮ್ಮ ಕಡೆ ಫೋಟೋನೂ ಹೊಡೆಯುತ್ತೇವೆ, ಟ್ರ್ಯಾಕ್ಟರನ್ನೂ ಹೊಡೆಯುತ್ತೇವೆ. ಅದು ಆಗ ನಮಗೆ ಹೊಳೆಯಲಿಲ್ಲ.

ನಾಯಕ ಟ್ರ್ಯಾಕ್ಟರಿನ ಮುಂದೆ ಕೂತು ಬೂಟಿನ ಲೇಸು ಕಟ್ಟಿಕೊಳ್ಳುತ್ತಿದ್ದ. ಅಷ್ಟರಲ್ಲೇ ಮಾವ ಗಾಡಿ ಬಿಟ್ಟರು. ಅವನು ಬದುವಿನಾಚೆ ಹಾರಿ ಬಿದ್ದು ಕೈ ಮುರಿದುಕೊಂಡ. ಇಡೀ ಚಿತ್ರದಲ್ಲಿ ಅದೊಂದೇ ನಿಜವಾದ ಸಾಹಸ.

“ಹೊಡಿ ಅಂದ್ರಲ್ಲೋ!” ಎಂದರು ಮಾವ.

“ಯಾರಂದ್ರು? ನಾ ಬಾಯೇ ಬಿಟ್ಟಿಲ್ಲ.” ಗೆಳೆಯ ನನ್ನತ್ತ ತಿರುಗಿದ. ಯಾರೂ ಅನ್ನಲಿಲ್ಲ ಎಂದು ಸಾಕ್ಷಿ ಹೇಳಿದೆ. ನನಗೆ ನೆನಪಿದ್ದದ್ದೇ ಹಾಗೆ. ಗೆಳೆಯ ಪ್ಲಾಸ್ಟರ್ ಕೈಯಲ್ಲೇ ಎಡಿಟಿಂಗ್‌ಗೆ ಕೂತು ಮಾವನ ಹೆಸರು ತೆಗೆದುಹಾಕಿದ, ಮೂಲ ಸದ್ದೆಲ್ಲ ಅಳಿಸಿ ಹಲಗೆ ವಾದ್ಯದ ಬಡಿತ ತುಂಬಿದ.

ಎರಡು ವರ್ಷದ ನಂತರ, ಮೊಬೈಲು ತುಂಬಿ ಹೋಗಿ ಹಳೆಯದನ್ನೆಲ್ಲ ಅಳಿಸುವಾಗ ಅಂದು ನಾನೇ ತೆಗೆದಿದ್ದ ಒಂದು ವಿಡಿಯೊ ತುಣುಕು ಸಿಕ್ಕಿತು. ಲೇಸು ಕಟ್ಟುವ ಗೆಳೆಯ, ಹಿಂದೆ ಬಿಸಿಲಲ್ಲಿ ಹೊಳೆಯುವ ಟ್ರ್ಯಾಕ್ಟರ್. ಆಮೇಲೆ ನನ್ನದೇ ದನಿ, ನನಗೆ ನಾನೇ ಹೇಳಿಕೊಂಡದ್ದು: “ಭಾಳ ಛಲೋ ಐತಿ, ಹೊಡಿ ಹೊಡಿ!”

ಮರುದಿನವೇ ಬಸ್ ಹತ್ತಿ ಯಲಬುರ್ಗಾಕ್ಕೆ ಹೋದೆ. ಮಾವ ಮೊಬೈಲನ್ನು ಕಿವಿಗೆ ಹಚ್ಚಿಕೊಂಡು ಮೂರು ಸಲ ಕೇಳಿದರು.

“ಕಿವಿ ಹೋಗ್ಯಾವ ಅಂತ ಮನ್ಯಾಗ ಡಾಕ್ಟರ್ ಕಡೆ ಕರ್ಕೊಂಡ ಹೋಗಿದ್ರಲೇ ನನ್ನ! ಅಂದವನಿಗೆ ನೆಪ್ಪಿಲ್ಲೇನು?”

“ಇಲ್ರಿ ಮಾವ.”

“ಅಷ್ಟೆಲ್ಲಾ ಓದಿ?”

ಅಲ್ಲಿಂದಲೇ ಗೆಳೆಯನಿಗೆ ಫೋನ್ ಮಾಡಿದೆ. ಅವನು ಬೈದು, ನಕ್ಕು, ಸಂಜೆಯೊಳಗೆ ಕೊನೆಯ ಹೆಸರುಗಳನ್ನು ತಿದ್ದಿ ಕಳಿಸಿದ. ‘ಟ್ರ್ಯಾಕ್ಟರ್ ಹೊಡೆದವರು’ ಎಂದು ಮಾವನ ಹೆಸರು. ಅದರ ಕೆಳಗೆ, ಮಾವನ ಹೊಸ ಷರತ್ತಿನಂತೆ, ‘ಹೊಡಿ ಅಂದವರು’ ಎಂದು ನನ್ನದು.

ಅಂದು ಆ ಹೊಲದಲ್ಲಿ ಯಾರೂ ಮಾತಾಡಿರಲಿಲ್ಲ ಎಂದೇ ನನಗೆ ಈಗಲೂ ನೆನಪು.